ಬೀದಿಗೆ ಮುಖ ಮಾಡಿ ತಿಂದ ಅಕ್ಕಯಮ್ಮ

ನಮ್ಮ ಬೀದಿಯಲ್ಲಿ ಹಂದಿ ತಿನ್ನದ ಗಂಡಸು ಇರಲಿಲ್ಲ. ಹಂದಿ ತಿಂದೆ ಎಂದು ಬಾಯಿಬಿಟ್ಟು ಹೇಳುವ ಗಂಡಸೂ ಇರಲಿಲ್ಲ. ಅಕ್ಕಯಮ್ಮ ಮಾತ್ರ ತನ್ನ ಹಿತ್ತಲಿನ ಮೋಟುಗೋಡೆಯ ಪಕ್ಕ ಒಂದು ಸ್ಟೂಲು ಹಾಕಿಕೊಂಡು, ಬೀದಿಗೆ ಮುಖ ಮಾಡಿ ಕೂತು ತಿನ್ನುತ್ತಿದ್ದಳು. ಬನ್ನನ್ನು ಎರಡು ಕೈಯಲ್ಲೂ ಹಿಡಿದು, ಬಾಯಿ ಅಗಲಿಸಿ ಕಚ್ಚುವಾಗಲೂ ಕಣ್ಣು ದಾರಿಯಲ್ಲಿ ಹೋಗುವವರ ಮೇಲೆಯೇ ಇರುತ್ತಿತ್ತು. ಗದ್ದದ ಮೇಲೆ ಜಿಡ್ಡು ಇಳಿದರೆ ಒರೆಸಿಕೊಳ್ಳುತ್ತಿರಲಿಲ್ಲ. ನೋಡುವವರು ಪೂರ್ತಿ ನೋಡಿಕೊಳ್ಳಲಿ, ಒರೆಸುವುದು ಆಮೇಲೆ ಇದ್ದೇ ಇದೆ ಎನ್ನುವ ಹಾಗೆ.

ನಾನು ತಾಯಲೂರಿಗೆ ಸೊಸೆಯಾಗಿ ಬಂದದ್ದು ಎಪ್ಪತ್ತರ ದಶಕದ ಮೊದಲಿನಲ್ಲಿ. ಅಲ್ಲಿನ ಪ್ರೈಮರಿ ಶಾಲೆಯಲ್ಲಿ ನನಗೆ ಕೆಲಸ, ಗಂಡನಿಗೆ ಮುಳಬಾಗಿಲಿನ ತಾಲ್ಲೂಕು ಆಫೀಸಿನಲ್ಲಿ ಗುಮಾಸ್ತಿಕೆ. ನಮ್ಮ ಮನೆ ಮತ್ತು ಅಕ್ಕಯಮ್ಮನ ಮನೆಯ ನಡುವೆ ಒಂದು ಮಣ್ಣಿನ ಗೋಡೆ ಇತ್ತು. ಅವಳದು ಮೂಲೆಮನೆ. ಹಾಗಾಗಿ ಅವಳ ಹಿತ್ತಲಿನ ಒಂದು ಮಗ್ಗುಲು ನಮ್ಮ ಕಡೆಗೆ, ಇನ್ನೊಂದು ಮಗ್ಗುಲು ಬಸ್ಸಿಗೆ ಹೋಗುವ ಬೀದಿಗೆ. ಊರಿನವರು ಯಾರೇ ಬಸ್ಸು ಹತ್ತಬೇಕಾದರೂ ಅವಳ ಕಣ್ಣೆದುರಿಗೇ ಹೋಗಬೇಕಿತ್ತು.

ಹಂದಿಯ ವಿಷಯದಲ್ಲಿ ಊರಿಗೆ ಒಂದು ಪದ್ಧತಿ ಇತ್ತು. ಹಂದಿ ಮನೆಯ ಹೊಸ್ತಿಲು ದಾಟಕೂಡದು, ಮನೆಯ ಒಲೆ ಏರಕೂಡದು. ಗಂಡಸರು ತಿಂಗಳಿಗೊಂದು ಸಲ ಮಾವಿನ ತೋಪಿಗೆ ಹೋಗಿ, ಮೂರು ಕಲ್ಲು ಹೂಡಿ, ಮಡಕೆಯಲ್ಲಿ ಬೇಯಿಸಿ ತಿಂದು, ಮಡಕೆಯನ್ನು ಅಲ್ಲೇ ಒಡೆದು ಬರುತ್ತಿದ್ದರು. ಮನೆಗೆ ಬಂದು "ತೋಪಿನ ಕಡೆ ಹೋಗಿದ್ದೆ" ಎಂದರೆ ಸಾಕು, ಹೆಂಗಸರು ಮಾತಿಲ್ಲದೆ ಬಚ್ಚಲಿಗೆ ಬಿಸಿನೀರು ತೋಡುತ್ತಿದ್ದರು. ಹೆಂಗಸರು ತಿನ್ನುವ ಮಾತೇ ಇಲ್ಲ. ವಾಸನೆ ಕುಡಿಯುವುದು, ನೀರು ಕಾಯಿಸುವುದು, ಇಷ್ಟೇ ನಮ್ಮ ಪಾಲು. ಈ ಪದ್ಧತಿ ಮಾಡಿದವರು ಯಾರೋ ಗೊತ್ತಿಲ್ಲ, ಹೆಂಗಸಂತೂ ಅಲ್ಲ.

ಅಕ್ಕಯಮ್ಮ ಈ ಪದ್ಧತಿಯ ಹೊರಗೆ ಬೆಳೆದವಳಲ್ಲ, ಹೊರಗೆ ಹೋಗಿ ಬಂದವಳು. ಗಂಡ ವೆಂಕಟಪ್ಪ ಕೆ.ಜಿ.ಎಫ್‌ನಲ್ಲಿ ಗಣಿಯೊಳಗೆ ಇಳಿಯುವ ಕೆಲಸದಲ್ಲಿದ್ದ. ಇವಳು ಅಲ್ಲೇ ಒಂದು ಬಂಗಲೆಯಲ್ಲಿ ಅಡುಗೆಗಿದ್ದಳು. ಬಂಗಲೆಯ ದೊರೆಸಾನಿ ಭಾನುವಾರ ಹಿತ್ತಲಿನಲ್ಲಿ ಇದ್ದಿಲು ಹೊತ್ತಿಸಿ, ಕಬ್ಬಿಣದ ಜಾಲರಿಯ ಮೇಲೆ ಕೊಚ್ಚಿದ ಮಾಂಸ ಸುಟ್ಟು, ಬನ್ನಿನೊಳಗೆ ಇಟ್ಟು ನೆಂಟರಿಗೆ ಕೊಡುತ್ತಿದ್ದಳಂತೆ. ಅದು ಬರ್ಗರು. ಅದರ ಜೊತೆಗೆ ಹೊಗೆ ಹಾಕಿದ ಉಪ್ಪುಹಂದಿಯ ತೆಳ್ಳನೆಯ ಚೂರುಗಳು, ಅದು ಬೇಕನ್. ಕೊಚ್ಚುವುದು, ಉಪ್ಪು ಹಾಕುವುದು, ಸುಡುವುದು ಎಲ್ಲ ಅಕ್ಕಯಮ್ಮ. ನೆಂಟರು ಹೊಗಳುತ್ತಿದ್ದದ್ದು ದೊರೆಸಾನಿಯನ್ನು. ಗಂಡ ಕೆಮ್ಮಿ ಕೆಮ್ಮಿ ಸತ್ತ ಮೇಲೆ ಅವಳು ಒಂದು ಟ್ರಂಕು, ಒಂದು ಕತ್ತಿ, ಉದ್ದ ಕೈಯ ಒಂದು ಇಕ್ಕಳ ಹಿಡಿದುಕೊಂಡು ತಾಯಲೂರಿಗೆ ವಾಪಸು ಬಂದಳು. ಮಕ್ಕಳಿರಲಿಲ್ಲ. ಹಿರಿಯರು ಬಾಯಿಮಾತಿನಲ್ಲೇ ಮನೆ ಪಾಲು ಮಾಡಿದರು. ದೇವರ ಗೂಡಿದ್ದ ನಡುಮನೆ, ಮುಂದಿನ ಜಗಲಿ ಮೈದುನ ಮುನಿಶಾಮಪ್ಪನಿಗೆ. ಹಿಂದಿನ ಪಡಸಾಲೆ, ಹಿತ್ತಲು ಇವಳಿಗೆ.

ಹಿತ್ತಲಿನಲ್ಲಿ ಅವಳು ಕಟ್ಟಿಕೊಂಡದ್ದನ್ನು ಒಲೆ ಎನ್ನಬೇಕೋ ಏನನ್ನಬೇಕೋ. ರಸ್ತೆ ಕೆಲಸದವರು ಬಿಟ್ಟು ಹೋದ ಡಾಂಬರು ಡ್ರಮ್ಮನ್ನು ಉದ್ದಕ್ಕೆ ಸೀಳಿಸಿ, ಒಳಗೆ ಇದ್ದಿಲು ತುಂಬುವಂತೆ ಮಾಡಿಕೊಂಡಿದ್ದಳು. ಮೇಲೆ ಹಳೇ ಲಾರಿಯೊಂದರ ಮುಂದಿನ ಜಾಲರಿ, ಮುಳಬಾಗಿಲಿನ ಗುಜರಿ ಅಂಗಡಿಯದು. ಅದೇ ಲಾರಿಯ ಹಿಂದಿನ ತಗಡು ಮುಚ್ಚಳ. ಎಷ್ಟು ಉರಿ ಹಾಕಿ ಸುಟ್ಟು ಉಜ್ಜಿದರೂ ಅದರ ಮೇಲಿದ್ದ "ಹಾರನ್" ಎನ್ನುವ ಬರಹ ಪೂರ್ತಿ ಹೋಗಲಿಲ್ಲ. ಶನಿವಾರ ಬೆಳಗಿನ ಬಸ್ಸಿಗೆ ಕೆ.ಜಿ.ಎಫ್‌ಗೆ ಹೋಗಿ ಮಾರ್ಕೆಟ್ಟಿನಿಂದ ಸ್ಟೀಲ್ ಡಬ್ಬಿಯಲ್ಲಿ ಮಾಂಸ ತರುತ್ತಿದ್ದಳು. ಹೊಟ್ಟೆಯ ಕಡೆಯ ಕೊಬ್ಬಿನ ಪಟ್ಟಿಗೆ ಉಪ್ಪು, ಬೆಲ್ಲ, ಕುಟ್ಟಿದ ಮೆಣಸು ತಿಕ್ಕಿ ಜಾಡಿಯಲ್ಲಿ ಒಂದು ವಾರ ಇಟ್ಟು, ಆಮೇಲೆ ತೆಂಗಿನ ಸಿಪ್ಪೆಯ ಹೊಗೆಯಲ್ಲಿ ತೂಗು ಹಾಕುತ್ತಿದ್ದಳು. ಮಿಕ್ಕ ಮಾಂಸವನ್ನು ಕತ್ತಿಯಲ್ಲೇ ಕೊಚ್ಚಿ, ಈರುಳ್ಳಿ, ಹಸಿಮೆಣಸಿನಕಾಯಿ ಸೇರಿಸಿ, ವಡೆಗಿಂತ ದಪ್ಪ ತಟ್ಟಿ ಜಾಲರಿಗೆ ಹಾಕುತ್ತಿದ್ದಳು. ಮೇಲೆ ಎರಡು ಚೂರು ಉಪ್ಪುಹಂದಿ, ನಮ್ಮ ಕಡೆಯ ಟೊಮೆಟೊ ಒಂದು ಬಿಲ್ಲೆ, ಕೊತ್ತಂಬರಿ ಸೊಪ್ಪಿನ ಚಟ್ನಿ. ಚಟ್ನಿ ದೊರೆಸಾನಿಯದಲ್ಲ. "ಅವಳದು ಸಪ್ಪೆ ಕಣೇ. ಖಾರ ನಾನು ಕಲಿಸಬೇಕಿತ್ತು, ಕಲೀಲಿಲ್ಲ" ಎನ್ನುತ್ತಿದ್ದಳು.

ಮೊದಲ ವರ್ಷ ನಾನು ಗೋಡೆಯ ಈಚೆ ವಾಸನೆ ಕುಡಿದುಕೊಂಡೇ ಇದ್ದೆ. ಒಂದು ದಿನ ಕಲ್ಲಿನ ಮೇಲೆ ನಿಂತು ಬಗ್ಗಿ ನೋಡುತ್ತಿದ್ದಾಗ ಸಿಕ್ಕಿಬಿದ್ದೆ.

"ಏನೇ ಟೀಚರಮ್ಮ, ಮೂಗು ಈ ಕಡೆ, ಕಾಲು ಆ ಕಡೆ?"

"ವಾಸನೆ ಬಂತು ದೊಡ್ಡಮ್ಮ."

"ಬೇಕಾ?"

ನಾನು ಹಿಂದೆ ತಿರುಗಿ ಮನೆಯ ಕಡೆ ನೋಡಿದೆ. ನಮ್ಮತ್ತೆ ಗಂಗಮ್ಮ ಅಂಗಳದಲ್ಲಿ ರಾಗಿ ಕೇರುತ್ತಿದ್ದರು. ಗೋಡೆಯ ಮೇಲಿಂದ ಕೈ ಚಾಚಿ, "ಒಂದು ಚೂರು ಎಲೆಯಲ್ಲಿ ಕಟ್ಟಿ ಕೊಡು, ಅತ್ತೆ ನೋಡೋದ್ರೊಳಗೆ" ಎಂದೆ.

ಅಕ್ಕಯಮ್ಮ ಇಕ್ಕಳವನ್ನು ಡ್ರಮ್ಮಿಗೆ ಟಣ್ಣೆಂದು ಹೊಡೆದಳು. "ಪೊಟ್ಟಣ ಕಟ್ಟಲ್ಲ. ಯಾರಿಗೂ ಕಟ್ಟಲ್ಲ. ಬೇಕಾದ್ರೆ ಬೀದಿ ಕಡೆಯಿಂದ ಬಾ, ಇಲ್ಲಿ ಕೂತು ತಿನ್ನು. ಕದ್ದು ತಿನ್ನೋಕೆ ನಾವೇನು ಬೆಕ್ಕಾ?"

ಇದು ಅವಳ ಕಾನೂನು. ಊರಿನ ದೊಡ್ಡ ದೊಡ್ಡ ಮೀಸೆಗಳೂ ಸಂಜೆ ಮಬ್ಬಿನಲ್ಲಿ ಗೋಡೆಯ ಬಳಿ ಕೆಮ್ಮಿ, ಎಲೆಯಲ್ಲಿ ಕಟ್ಟಿ ಕೊಡು ಎಂದು ಕೇಳಿ, ಬೈಗುಳ ಕಟ್ಟಿಸಿಕೊಂಡು ಹೋಗಿದ್ದವು. ನನಗೆ ಧೈರ್ಯ ಬರಲು ಬಹಳ ದಿನ ಹಿಡಿಯಿತು. ಕೊನೆಗೊಂದು ಶನಿವಾರ ಶಾಲೆಯಿಂದ ಬಂದವಳು ಮನೆಗೆ ಹೋಗದೆ, ಶಾಲೆಯ ಸೀರೆಯಲ್ಲೇ, ಕೊಡೆ ಮಡಚಿ ಕಂಕುಳಲ್ಲಿಟ್ಟುಕೊಂಡು, ಬೀದಿಯ ಕಡೆಯ ತಡಿಕೆ ಸರಿಸಿ ಒಳಗೆ ಹೋದೆ. ಅಕ್ಕಯಮ್ಮ ಎರಡನೇ ಸ್ಟೂಲು ತಂದು ಹಾಕಿದಳು. ಮೊದಲ ಕಚ್ಚಿಗೇ ಉಪ್ಪು, ಹೊಗೆ, ಮೆಣಸು ಒಟ್ಟಿಗೆ ಮೂಗಿಗೆ ಏರಿ ಕಣ್ಣಲ್ಲಿ ನೀರು ಬಂತು. ಬೀದಿಯಲ್ಲಿ ಬಸ್ಸಿಗೆ ಹೋಗುತ್ತಿದ್ದವರೊಬ್ಬರು ನಿಂತೇಬಿಟ್ಟರು. ನನಗೆ ಭಯವಾಯಿತು ಎಂದರೆ ಸುಳ್ಳು. ಬಹಳ ಖುಷಿಯಾಯಿತು.

ಮನೆಗೆ ಬಂದರೆ ಅತ್ತೆ ಬಾಗಿಲಲ್ಲೇ ತಡೆದು, ತಲೆಗೆ ಅರಿಸಿನದ ನೀರು ಸುರಿದು ಒಳಗೆ ಬಿಟ್ಟರು. ನನ್ನ ಲೋಟ ತಟ್ಟೆ ಒಂದು ವಾರ ಜಗಲಿಯ ಮೇಲಿದ್ದವು. ಮುಂದಿನ ಶನಿವಾರ ನಾನು ಹೊರಡುವ ಮೊದಲೇ, "ಅತ್ತೆ, ನೀರು ಕಾಯಿಸಿಟ್ಟಿರಿ, ದೊಡ್ಡಮ್ಮನ ಮನೆಗೆ ಹೋಗಿ ಬರ್ತೀನಿ" ಎಂದೆ. ಅವರು ಮೊರವನ್ನು ನೆಲಕ್ಕೆ ಕುಕ್ಕಿದರು. ಆದರೆ ನೀರು ಕಾಯಿಸಿದ್ದರು.

ಅವಳ ಹಟ ಊರಿಗಷ್ಟೇ ಗೊತ್ತಿದ್ದದ್ದಲ್ಲ. ಬನ್ನನ್ನು ಅವಳು ಮುಳಬಾಗಿಲಿನ ಬಸ್ ನಿಲ್ದಾಣದ ಹತ್ತಿರದ ಬೇಕರಿಯಿಂದ ತರುತ್ತಿದ್ದಳು. ಬೇಕರಿಯ ಯಜಮಾನರು ಮಡಿವಂತರು, ಮಾತಿಗೆ ಮೃದು. ಒಂದು ದಿನ ನಾನೂ ಜೊತೆಗಿದ್ದಾಗ ಅವರು ಸುಮ್ಮನೆ ಲೋಕಾಭಿರಾಮವಾಗಿ ಕೇಳಿದರು, "ಇಷ್ಟೊಂದು ಬನ್ ತಗೊಂಡು ಏನ್ಮಾಡ್ತೀರಮ್ಮ? ಮನೇಲಿ ಮಕ್ಕಳು ಜಾಸ್ತಿನಾ?"

"ಮಕ್ಕಳಿಲ್ಲ ಸ್ವಾಮಿ. ಒಳಗೆ ಹಂದಿ ಇಟ್ಟು ತಿನ್ನಕ್ಕೆ" ಎಂದಳು ಅಕ್ಕಯಮ್ಮ.

ನಾನು ಅವಳ ಸೆರಗು ಜಗ್ಗಿದೆ. ಅವರು ಕಟ್ಟುತ್ತಿದ್ದ ಪೊಟ್ಟಣವನ್ನು ನಿಧಾನವಾಗಿ ಬಿಚ್ಚಿ, ಬನ್ನುಗಳನ್ನು ಒಂದೊಂದಾಗಿ ಗಾಜಿನ ಪೆಟ್ಟಿಗೆಗೆ ವಾಪಸು ಜೋಡಿಸಿದರು. "ತಪ್ಪು ತಿಳೀಬೇಡಿ. ಗೊತ್ತಾದ ಮೇಲೆ ಕೊಡೋಕೆ ನನಗೆ ಮನಸ್ಸು ಬರಲ್ಲ" ಎಂದರು.

"ಸುಳ್ಳು ಹೇಳಿದ್ರೆ ಕೊಡ್ತಿದ್ರಾ?"

"ಕೊಡ್ತಿದ್ದೆ."

"ಹಂಗಾದ್ರೆ ನಿಮ್ಮ ಬನ್ನು ನಿಮಗಿರಲಿ. ನೀವು ಒಳ್ಳೇವ್ರೇ, ಬರ್ತೀನಿ" ಎಂದು ಕೈ ಮುಗಿದು ಬಂದಳು. ದಾರಿಯುದ್ದಕ್ಕೂ ನಾನು ಬೈದೆ. ಮಕ್ಕಳಿಗೆ ಎಂದಿದ್ದರೆ ಗಂಟೇನು ಹೋಗುತ್ತಿತ್ತು ಎಂದೆ. ಅವಳು ಬಸ್ಸಿನ ಕಿಟಕಿಯ ಆಚೆ ನೋಡುತ್ತ, "ತಿನ್ನೋದನ್ನ ಬಾಯಲ್ಲಿ ಹೇಳಕ್ಕೆ ಆಗದೆ ಇದ್ರೆ ಆ ಬಾಯಲ್ಲಿ ತಿನ್ನೋದ್ಯಾಕೆ" ಎಂದಳು. ಮುಂದಿನ ವಾರದಿಂದ ಬನ್ನನ್ನೂ ತಾನೇ ಮಾಡತೊಡಗಿದಳು. ಹಿಟ್ಟು ಉಬ್ಬಲು ಈಚಲು ಹೆಂಡ ಹಾಕಿ ನಾದುವುದು, ಡ್ರಮ್ಮಿನೊಳಗೆ ಮುಚ್ಚಳ ಹಾಕಿ ಬೇಯಿಸುವುದು. ಮೊದಲ ಸಲದವು ಕಲ್ಲಿನಂತಾಗಿ ನಾಯಿಯೂ ಮೂಸಿ ಹೋಯಿತು. ಆಮೇಲೆ ಆಮೇಲೆ ಬೇಕರಿಯವಕ್ಕಿಂತ ಮೆತ್ತಗೆ, ಸ್ವಲ್ಪ ಹುಳಿಹುಳಿಯಾಗಿ ಬರುತ್ತಿದ್ದವು. ಹಂದಿಯ ಜೊತೆಗೆ ಹೆಂಡವೂ ಸೇರಿತೆಂದು ನಮ್ಮತ್ತೆ ಮೂರು ಹೊತ್ತೂ ಗೊಣಗಿದರು.

ಇವೆಲ್ಲ ನಗುವ ಮಾತು. ನಗಲಾರದ ಮಾತು ಬಂದದ್ದು ಎಪ್ಪತ್ತರ ದಶಕ ಮುಗಿಯುವ ಹೊತ್ತಿಗೆ.

ಮೈದುನ ಮುನಿಶಾಮಪ್ಪ ಆ ಹೊತ್ತಿಗೆ ಹಿಪ್ಪುನೇರಳೆ ಹಾಕಿ, ನಡುಮನೆಯಲ್ಲೇ ರೇಷ್ಮೆ ಹುಳು ಸಾಕುತ್ತಿದ್ದ. ಕೆಟ್ಟವನಲ್ಲ, ಮನೆ ಸಾಲದಾಗಿತ್ತು. ಹುಳುವಿಗೆ ಬೇರೆಯೇ ಒಂದು ಕೊಠಡಿ ಕಟ್ಟಬೇಕೆಂದು, ಅದಕ್ಕೆ ಅತ್ತಿಗೆಯ ಹಿತ್ತಲೇ ಸರಿಯಾದ ಜಾಗವೆಂದು ಅವನ ಕಣ್ಣು. ರೇಷ್ಮೆ ಹುಳುವಿನ ವಿಷಯದಲ್ಲಿ ನಮ್ಮ ಕಡೆಯವರಿಗೆ ದೇವರ ಭಯಕ್ಕಿಂತ ಹೆಚ್ಚಿನ ಭಯ. ಹುಳು ಇರುವ ಮನೆಯಲ್ಲಿ ಒಗ್ಗರಣೆ ಹಾಕುವುದಿಲ್ಲ, ಬೀಡಿ ಸೇದುವುದಿಲ್ಲ, ಹೊರಗಾದ ಹೆಂಗಸರನ್ನು ಹತ್ತಿರ ಸೇರಿಸುವುದಿಲ್ಲ. ಆ ವರ್ಷ ಕಾರ್ತಿಕದಲ್ಲಿ ಜಡಿಮಳೆ ಹಿಡಿದು, ಚಳಿ ಬಿದ್ದು, ಅವನ ಹುಳುಗಳಿಗೆ ಸುಣ್ಣಕಟ್ಟು ರೋಗ ತಗುಲಿತು. ಬೆಳ್ಳಗೆ, ಗಟ್ಟಿಯಾಗಿ, ಸೀಮೆಸುಣ್ಣದ ತುಂಡಿನ ಹಾಗೆ ತಟ್ಟೆಗಟ್ಟಲೆ ಹುಳು ಸತ್ತವು. ಮುನಿಶಾಮಪ್ಪ ಸತ್ತ ಹುಳುಗಳನ್ನು ಮೊರದಲ್ಲಿ ತುಂಬಿಕೊಂಡು ಹಿರಿಯ ನಾರಾಯಣಪ್ಪನ ಮನೆಯ ಮುಂದೆ ಸುರಿದ. ಅತ್ತಿಗೆಯ ಹಂದಿ ಹೊಗೆಯಿಂದಲೇ ಹೀಗಾಯಿತು, ಅವಳಿಂದ ಹಿತ್ತಲು ಬಿಡಿಸಿ ಎಂದ. ಪಾಲು ಬಾಯಿಮಾತಿನದು. ಕೊಟ್ಟ ಬಾಯಿಗಳೇ ಇಲ್ಲ ಎಂದರೆ ಅಕ್ಕಯಮ್ಮನಿಗೆ ಹಿತ್ತಲಿಲ್ಲ. ಹಿತ್ತಲಿಲ್ಲದಿದ್ದರೆ ಒಂದು ಕತ್ತಲೆ ಪಡಸಾಲೆ, ಮೈದುನನ ಹಂಗು, ಅಷ್ಟೇ.

ಪಂಚಾಯ್ತಿಗೆ ಕರೆ ಬಂದಾಗ ಅಕ್ಕಯಮ್ಮ, "ತಪ್ಪು ಮಾಡಿರೋದು ನನ್ನ ಹೊಗೆ ತಾನೇ? ಹೊಗೆ ಇರೋ ಜಾಗಕ್ಕೇ ಬನ್ನಿ" ಎಂದು ಹೇಳಿ ಕಳಿಸಿದಳು. ಬಂದರು. ನಾರಾಯಣಪ್ಪ, ಇನ್ನು ನಾಲ್ಕೈದು ಹಿರಿಯರು, ಮುನಿಶಾಮಪ್ಪ. ಗೋಡೆಯ ಈಚೆ ನಮ್ಮತ್ತೆ, ನಾನು, ಬೀದಿಯ ಅರ್ಧ ಹೆಂಗಸರು. ಅಕ್ಕಯಮ್ಮ ಅವರಿಗೆಲ್ಲ ಚಾಪೆ ಹಾಸಿ, ಅವರ ಕಣ್ಣೆದುರಿಗೇ ಡ್ರಮ್ಮಿಗೆ ಇದ್ದಿಲು ಹಾಕಿ ಊದಿದಳು. ಚಾಪೆಯ ಮೇಲಿದ್ದ ಅಷ್ಟೂ ಜನ ತೋಪಿನವರು. ಯಾರು ಎಷ್ಟು ತುಂಡು ತಿನ್ನುತ್ತಾರೆಂದು ಅವಳಿಗೆ ಗೊತ್ತಿತ್ತು. ಈಗ ಒಬ್ಬೊಬ್ಬರ ಹೆಸರು ಹಿಡಿದು ಬಿಚ್ಚಿಡುತ್ತಾಳೆ, ಬಿಚ್ಚಿಡಲಿ ಎಂದು ನಾನು ಕಾಯುತ್ತಿದ್ದೆ.

ನಾರಾಯಣಪ್ಪ ಗಂಟಲು ಸರಿಮಾಡಿಕೊಂಡು, "ನೋಡಮ್ಮ, ತಿನ್ನಬೇಡ ಅಂತ ಯಾರೂ ಹೇಳಲ್ಲ. ಆದ್ರೆ ಊರು ಅಂದ ಮೇಲೆ ಒಂದು ಮರ್ಯಾದೆ ಐತೆ. ತೋಪಿನ ಕಡೆ ಹೋಗಿ ಮಾಡ್ಕೊ. ಕಾಣದಂಗೆ. ಆಗ ಹಿತ್ತಲಿನ ಮಾತೇ ಬರಲ್ಲ" ಎಂದ.

ಅಕ್ಕಯಮ್ಮ ನಿಂತೇ ಇದ್ದಳು. "ತೋಪಿಗೆ ಯಾರ್ಯಾರು ಹೋಗ್ತಾರೆ ಅಂತ ನಾನು ಹೇಳಲ್ಲಪ್ಪ. ಅದು ನಿಮ್ಮ ಬಾಯಿ, ನಿಮಗೆ ಬಿಟ್ಟಿದ್ದು. ನಾನು ತಿಂತೀನಿ. ಅದನ್ನ ಹೇಳ್ತೀನಿ. ಬಂಗಲೇಲಿ ಅಷ್ಟು ವರ್ಷ ನಾನೇ ಸುಟ್ಟು, ನಾನೇ ಬಡಿಸಿ, ಆಮೇಲೆ ಅಡುಗೆಮನೆ ಹಿಂದೆ ನಿಂತ್ಕೊಂಡು ಅವರು ಬಿಟ್ಟಿದ್ದು ತಿಂದೆ. ಯಾರಾದ್ರೂ ಬಂದ್ರೆ ಬಾಯಿ ಒರೆಸ್ಕೊಂಡು ನಿಲ್ಲಬೇಕಿತ್ತು. ಈಗ ನನ್ನ ಹಿತ್ತಲು, ನನ್ನ ಬೆಂಕಿ. ಇಲ್ಲೂ ಮರದ ಹಿಂದೆ ಹೋಗಿ ನಿಂತ್ಕೊ ಅಂತೀರಾ? ಆಗಲ್ಲ."

ಅವಳು ಮುನಿಶಾಮಪ್ಪನ ಕಡೆ ತಿರುಗಿದಳು. ರೇಗಿದಾಗ ನಮ್ಮ ಗಡಿ ಕಡೆಯ ತೆಲುಗು ಅವಳ ಬಾಯಿಗೆ ಬರುತ್ತಿತ್ತು. "ಏಮಿರಾ ಮುನಿಶಾಮಿ, ಹೊಗೆಯಿಂದ ಸತ್ತವು ಅಂತೀಯಲ್ಲ, ಉಳಿದಿರೋ ಹುಳದಲ್ಲಿ ಒಂದು ತಟ್ಟೆ ತಗೊಂಡು ಬಾ. ಈ ಡ್ರಮ್ಮಿನ ಪಕ್ಕ ಇಕ್ಕು. ದಿನಾ ಹೊಗೆ ಹಾಕ್ತೀನಿ, ದಿನಾ ಸುಡ್ತೀನಿ. ಹುಳ ಸತ್ರೆ ಟ್ರಂಕು ಎತ್ಕೊಂಡು ಹೋಗ್ತೀನಿ, ಹಿತ್ತಲು ನಿಂದು. ಗೂಡು ಕಟ್ಟಿದ್ರೆ ನನ್ನ ಒಲೆ ಸುದ್ದಿಗೆ ಯಾರೂ ಬರಕೂಡದು."

ಗೋಡೆಯ ಮೇಲಿಂದ ನಾನು "ದೊಡ್ಡಮ್ಮ, ಬ್ಯಾಡ" ಎಂದೆ. ಹುಳು ಸಾಕಿದವಳೇ ಅಲ್ಲ ಅವಳು. ಒಂದು ಹುಳುವನ್ನು ಕೈಯಲ್ಲಿ ಮುಟ್ಟಿದ್ದೂ ಇಲ್ಲ. ಆದರೆ ಹಿರಿಯರಿಗೆ ಬೇಕಿದ್ದದ್ದೂ ಇಂಥದೇ ಒಂದು ದಾರಿ. ತೀರ್ಪನ್ನು ಹುಳುಗಳ ಮೇಲೆ ಹಾಕಿ ಎದ್ದು ಹೋದರು.

ಆ ತಟ್ಟೆ ಅವಳ ಪಡಸಾಲೆಯ ಬಾಗಿಲಲ್ಲಿ, ಡ್ರಮ್ಮಿಗೆ ಕೈಯಳತೆ ದೂರದಲ್ಲಿ, ಹಲಗೆಯ ಮೇಲೆ ಕೂತಿತು. ನಾಲ್ಕನೇ ಜ್ವರ, ಅಂದರೆ ಪೊರೆ ಬಿಡುವ ಮುಂಚಿನ ಕೊನೆಯ ನಿದ್ದೆ, ಮುಗಿಸಿ ಎದ್ದ ಹುಳು. ಇನ್ನು ಒಂದು ವಾರ ತಿಂದರೆ ಹಣ್ಣಾಗಿ ಗೂಡು ಕಟ್ಟುವಂಥವು. ನಾನು ಶಾಲೆಗೆ ಹೋಗುವ ಮೊದಲು, ಬಂದ ಮೇಲೆ, ಹಿಪ್ಪುನೇರಳೆ ಸೊಪ್ಪು ಒರೆಸಿ ಒಣಗಿಸಿ ಕೊಡುತ್ತಿದ್ದೆ. ಅವಳು ಹುಳುಗಳನ್ನು ಮನುಷ್ಯರನ್ನು ಗದರಿಸುವ ಹಾಗೆ ಗದರಿಸುತ್ತಿದ್ದಳು. "ಲೇ, ತಿನ್ರೇ. ನನ್ನ ಮನೆಗೆ ಬಂದು ಉಪವಾಸ ಮಾಡೋ ಹಂಗಿಲ್ಲ." ಎರಡನೇ ದಿನ ಕೆಲವು ಬೆಳ್ಳಗಾದವು. ಅವಳು ಒಂದೊಂದನ್ನೂ ಆರಿಸಿ ಬೆಂಕಿಗೆ ಹಾಕಿದಳು. ಎರಡು ಹುಳು ಬೆರಳಿನಿಂದ ಜಾರಿ ನೆಲಕ್ಕೆ ಬಿದ್ದವು. ನಾನು ನೋಡಿದೆನೆಂದು ತಿಳಿದ ಕೂಡಲೇ, "ಭಯಮಾ ನಾಕು? ನನಗೆಂಥ ಭಯ, ಚಳಿ ಕಣೇ" ಎಂದಳು. ಬೆಂಕಿಯ ಪಕ್ಕ ನಿಂತವಳಿಗೆ ಎಂಥ ಚಳಿ?

ಒಂದು ದಿನವೂ ಅವಳು ಒಲೆ ಆರಿಸಲಿಲ್ಲ. ಮಳೆ ಜಿನುಗುತ್ತಲೇ ಇತ್ತು, ಊರೆಲ್ಲ ತಣ್ಣಗೆ ತೇವ ಹಿಡಿದಿತ್ತು, ಅವಳ ಪಡಸಾಲೆ ಮಾತ್ರ ಬೆಚ್ಚಗೆ, ಒಣಗಿಕೊಂಡಿತ್ತು. ಹುಳುಗಳು ಸರಸರ ಎಂದು ಸೊಪ್ಪು ತಿನ್ನುವ ಸದ್ದು ಬರತೊಡಗಿತು. ಮುಂದಿನ ನಡುಮನೆಯಲ್ಲಿ ಮುನಿಶಾಮಪ್ಪನ ತಟ್ಟೆಗಳು ಒಂದೊಂದಾಗಿ ಖಾಲಿಯಾಗುತ್ತಿದ್ದವು. ಇದ್ದಿಲಿನ ಕಾವಿಗೆ ಇವು ಉಳಿದವೋ, ಇವಳ ಬೈಗುಳಕ್ಕೆ ಹೆದರಿ ಉಳಿದವೋ, ನಾನು ಹೇಳಲಾರೆ. ಶನಿವಾರ ಮಧ್ಯಾಹ್ನ ಮುನಿಶಾಮಪ್ಪ ಕೈಯಲ್ಲಿ ಎರಡು ತಟ್ಟೆ ಹಿಡಿದುಕೊಂಡು ಬೀದಿ ಕಡೆಯ ತಡಿಕೆಯ ಹತ್ತಿರ ನಿಂತ. ಮುಖ ಬಾಡಿಹೋಗಿತ್ತು.

"ಅತ್ತಿಗೆ, ಇಷ್ಟೇ ಉಳಿದಿರೋದು. ನಿನ್ನ ಒಲೆ ಪಕ್ಕ ಇಕ್ಕಲಾ?"

ಗೆದ್ದವಳು ಏನಾದರೂ ಚುಚ್ಚಿ ಆಡುತ್ತಾಳೆಂದುಕೊಂಡೆ. ನಾನಾಗಿದ್ದರೆ ಆಡುತ್ತಿದ್ದೆ. ಅವಳು ಹಲಗೆಯ ಮೇಲೆ ಜಾಗ ಮಾಡಿ, "ಇಕ್ಕು. ಆದ್ರೆ ಇವತ್ತು ಶನಿವಾರ. ನಾನು ಹಂದಿ ಸುಡ್ತೀನಿ" ಎಂದಳು.

"ಸುಡು."

ಅವನು ಅಲ್ಲೇ ನಿಂತ. ಮಾಂಸ ಜಾಲರಿಗೆ ಬಿತ್ತು, ಕೊಬ್ಬು ಕರಗಿ ಇದ್ದಿಲಿನ ಮೇಲೆ ಚುರ್ ಎಂದಿತು. ಅಕ್ಕಯಮ್ಮ ಒಂದನ್ನು ಬನ್ನಿಗಿಟ್ಟು ಕೈಯಲ್ಲಿ ಹಿಡಿದು ಅವನ ಕಡೆ ನೋಡಿದಳು. ಅವನು ಹಿತ್ತಲಿನ ಮೂಲೆಯ, ಮರೆಯ ಕಡೆ ನೋಡಿದ. ಅವಳು ಕೈ ಹಿಂದಕ್ಕೆ ತೆಗೆದುಕೊಂಡಳು. ಕೊನೆಗೆ ಅವನೇ ಸ್ಟೂಲು ಎಳೆದುಕೊಂಡು, ಬೀದಿಗೆ ಮುಖ ಮಾಡಿ ಕೂತ. ತಲೆ ತಗ್ಗಿಸಿಕೊಂಡೇ ತಿಂದ. ಆದರೆ ತಿಂದ. ಹುಳುಗಳು ಹಣ್ಣಾಗಿ, ಬಿದಿರಿನ ಚಂದ್ರಿಕೆ ಏರಿ ಗೂಡು ಕಟ್ಟಿದಾಗ ನಾರಾಯಣಪ್ಪ ಬಂದು ಬಗ್ಗಿ ನೋಡಿ, "ಸರಿಯಮ್ಮ, ಹಿತ್ತಲು ನಿಂದೇ" ಎಂದ. ಮತ್ತೆ ಮೆಲ್ಲಗೆ, "ಒಂದು ಎಲೆಯಲ್ಲಿ ಕಟ್ಟಿ ಕೊಡ್ತೀಯಾ" ಎಂದ. ಕೊಡಲಿಲ್ಲ.

ಎಂಬತ್ತರ ದಶಕದ ನಡುವೆ ಗಂಡನಿಗೆ ಶ್ರೀನಿವಾಸಪುರಕ್ಕೆ ವರ್ಗವಾಯಿತು, ನಾನೂ ಆ ಕಡೆಯ ಶಾಲೆಗೆ ಹೋದೆ. ಅತ್ತೆ ತಾಯಲೂರಿನಲ್ಲೇ ಉಳಿದರು. ಅಕ್ಕಯಮ್ಮನನ್ನು ಕೊನೆಯ ಸಲ ನೋಡಿದ್ದು ಒಂದು ಮಾವಿನ ಕಾಲದಲ್ಲಿ. ಬುಟ್ಟಿ ಹಣ್ಣು ಹೊತ್ತುಕೊಂಡು ಹೋದರೆ ಅವಳು ಅರ್ಧಕ್ಕರ್ಧ ಇಳಿದುಹೋಗಿದ್ದಳು. ಕೋಲಾರದ ಡಾಕ್ಟರು ಉಪ್ಪು, ಕೊಬ್ಬು ಮುಟ್ಟಕೂಡದು ಎಂದಿದ್ದರಂತೆ. "ಮುಟ್ಟಲ್ಲ. ನೀನು ಮುಟ್ಟು" ಎಂದು ಇಕ್ಕಳವನ್ನು ನನ್ನ ಕೈಗೆ ಕೊಟ್ಟು, ತಾನು ಸ್ಟೂಲಿನ ಮೇಲೆ ಕೂತು ಬೈಯುತ್ತಾ ಹೋದಳು. "ಒತ್ತಬ್ಯಾಡ ಕಣೇ, ಅದೇನು ಬಟ್ಟೆನಾ ಹಿಂಡಕ್ಕೆ? ಉರಿ ಏಳ್ತಾ ಐತೆ ನೋಡು, ಆ ಕಡೆ ಸರಿಸು. ಅಂಚು ಕರಿ ಹಿಡಿದ್ರೆ ನಾಯಿಗೆ ಹಾಕ್ತೀನಿ, ನಿನಗೂ ಅದೇ ಹಾಕ್ತೀನಿ." ಆಮೇಲೆ ನನ್ನ ಕೈಯಿಂದಲೇ ಒಂದು ಕಚ್ಚು ಕಚ್ಚಿ, ಬಹಳ ಹೊತ್ತು ಅಗಿದಳು. ಅವಳ ಮುಖದ ಮೇಲಿದ್ದ ಆ ಸುಖ ಇವತ್ತಿಗೂ ನನ್ನ ಕಣ್ಣಲ್ಲಿದೆ.

ಅವಳು ಹೋದ ಸುದ್ದಿ ಮಳೆಗಾಲದಲ್ಲಿ ಬಂತು. ತಿಥಿಗೆ ಹೋದೆ. ಕರ್ಮವೆಲ್ಲ ಮುನಿಶಾಮಪ್ಪನೇ ಮಾಡಿದ. ಸತ್ತವರಿಗೆ ಇಷ್ಟವಾದದ್ದನ್ನು ಎಡೆ ಇಡುವುದು ನಮ್ಮ ಕಡೆಯ ಪದ್ಧತಿ. ಬೀಡಿ ಸೇದುವವರಿಗೆ ಬೀಡಿ, ಕುಡಿಯುವವರಿಗೆ ಹೆಂಡ. ನಡುಮನೆಯಲ್ಲಿ ಅಕ್ಕಯಮ್ಮನ ಫೋಟೊ ಮುಂದೆ ಬಾಳೆಲೆಯ ಮೇಲೆ ಮುದ್ದೆ, ಕೋಳಿಸಾರು, ಕಾಫಿ, ಎಲೆಯಡಿಕೆ ಎಲ್ಲ ಇತ್ತು. ಅದೊಂದು ಇರಲಿಲ್ಲ. ಕೇಳಿದರೆ ನಾರಾಯಣಪ್ಪ, "ಅದನ್ನ ಬೇಕಾದ್ರೆ ಹಿತ್ತಲಲ್ಲಿ ಒಂದು ಎಲೆ ಹಾಕಿ ಇಕ್ಕೋಣ. ಈ ಹೊಸ್ತಿಲು ಅದು ದಾಟಿಲ್ಲ ಇದುವರೆಗೂ" ಎಂದ.

ನನಗೆ ಸಿಟ್ಟು ನೆತ್ತಿಗೇರಿತು. ಜಾಡಿಯಲ್ಲಿ ಅವಳ ಕೈಯದೇ ಒಂದು ತುಂಡು ಉಪ್ಪುಹಂದಿ ಉಳಿದಿತ್ತು. ಮಾಂಸ ನಾನು ಬರುವಾಗಲೇ ಕೆ.ಜಿ.ಎಫ್ ಸುತ್ತಿಕೊಂಡು ತಂದಿದ್ದೆ. ಬನ್ನಿನ ಹಿಟ್ಟು ಬೆಳಗ್ಗೆಯೇ ಹೆಂಡ ಹಾಕಿ ನಾದಿಟ್ಟಿದ್ದೆ. ಡ್ರಮ್ಮು ಹೊತ್ತಿಸಿ, ಬನ್ನು ಬೇಯಿಸಿ, ಮಾಂಸ ಸುಟ್ಟು ಒಳಗಿಟ್ಟು, ತಟ್ಟೆಯಲ್ಲಿಟ್ಟುಕೊಂಡೆ. ಹಿತ್ತಲಿನಿಂದ ಪಡಸಾಲೆ ಹಾಯ್ದರೆ ನಡುಮನೆಗೆ ನಾಲ್ಕೇ ಹೆಜ್ಜೆ. ಆ ದಾರಿ ಹಿಡಿಯಲಿಲ್ಲ. ತಡಿಕೆ ಸರಿಸಿ ಬೀದಿಗೆ ಇಳಿದು, ಬಸ್ಸಿಗೆ ಕಾಯುತ್ತಿದ್ದವರ ಮುಂದೆ ನಡೆದು, ಮೂಲೆ ತಿರುಗಿ, ಮುಂಬಾಗಿಲಿಗೆ ಬಂದೆ. ಬಾಗಿಲಲ್ಲಿ ಮುನಿಶಾಮಪ್ಪ ನಿಂತಿದ್ದ. ಅವನ ಹಿಂದೆ ಹಿರಿಯರು.

"ಟೀಚರಮ್ಮ, ಇದು ದೇವರ ಮನೆ" ಎಂದ ನಾರಾಯಣಪ್ಪ ಒಳಗಿನಿಂದ.

ನನ್ನ ಬಾಯಿಂದ ಮಾತು ಹೊರಡುವ ಮೊದಲೇ ಜಗಲಿಯ ಮೇಲೆ ಕೂತಿದ್ದ ನಮ್ಮತ್ತೆ ಎದ್ದರು. ಜೀವಮಾನವೆಲ್ಲ ನನ್ನ ತಲೆಗೆ ಅರಿಸಿನದ ನೀರು ಸುರಿದವರು. "ಹಿತ್ತಲ ಮೂಲೇಲಿ ಇಕ್ಕಿದ್ರೆ ಆಕೆ ತಿಂತಾಳಾ ನಾರಾಯಣಪ್ಪ? ಬದುಕಿದ್ದಾಗ ನಿನಗೆ ಒಂದು ಪೊಟ್ಟಣ ಕಟ್ಟಿ ಕೊಡದೆ ಹೋದೋಳು. ದಾರಿ ಬಿಡ್ರಿ."

ಮುನಿಶಾಮಪ್ಪ ಪಕ್ಕಕ್ಕೆ ಸರಿದ. ನಾನು ಹೊಸ್ತಿಲು ದಾಟಿ ಒಳಗೆ ಹೋಗಿ, ಕೋಳಿಸಾರನ್ನು ಪಕ್ಕಕ್ಕೆ ತಳ್ಳಿ, ಎಲೆಯ ನಡುಮಧ್ಯದಲ್ಲಿ ಅದನ್ನಿಟ್ಟೆ.

ಪೂಜೆ ಮುಗಿದ ಮೇಲೆ ಎಡೆ ಹಂಚಿದರು. ಬರ್ಗರಿಗೆ ಯಾರೂ ಕೈ ಹಾಕಲಿಲ್ಲ. ಮುನಿಶಾಮಪ್ಪ ಅದನ್ನು ಎತ್ತಿಕೊಂಡು ಹಿತ್ತಲಿಗೆ ನಡೆದ. ನಾನು ಹಿಂದೆಯೇ ಹೋದೆ. ಅವನು ಅತ್ತಿಗೆಯ ಸ್ಟೂಲನ್ನು ಮೋಟುಗೋಡೆಯ ಹತ್ತಿರ ಎಳೆದುಕೊಂಡು, ಬೀದಿಗೆ ಮುಖ ಮಾಡಿ ಕೂತು, ಎರಡು ಕೈಯಲ್ಲೂ ಹಿಡಿದು ಕಚ್ಚಿದ. ಈ ಸಲ ತಲೆ ತಗ್ಗಿಸಿರಲಿಲ್ಲ.

"ಅಂಚು ಕರಿ ಹಿಡಿದೈತೆ ಟೀಚರಮ್ಮ" ಎಂದ, ಅಗಿಯುತ್ತಲೇ. "ನಮ್ಮತ್ತಿಗೆ ಇದ್ದಿದ್ರೆ ನಿಮ್ಮನ್ನ ಸುಮ್ಮನೆ ಬಿಡ್ತಿರಲಿಲ್ಲ."

ಬೀದಿಯಲ್ಲಿ ಬಸ್ಸಿಗೆ ಹೋಗುವವರು ನಿಂತು ನೋಡುತ್ತಿದ್ದರು. ಅವನ ಕಣ್ಣಿಂದ ನೀರು, ಗದ್ದದಿಂದ ಜಿಡ್ಡು ಇಳಿಯುತ್ತಿತ್ತು. ಎರಡನ್ನೂ ಅವನು ಒರೆಸಿಕೊಳ್ಳಲಿಲ್ಲ.